ಪಾಠಶಾಲೆಯ ದಾವೆ: ಕಲಂ 92ರ ದಾರಿಯಲ್ಲಿ ನಾವು ನಡೆದದ್ದು

ಸಾರ್ವಜನಿಕ ಟ್ರಸ್ಟಿನ ಮೇಲೆ ದಾವೆ ಹಾಕುವುದು ಒಬ್ಬರಿಂದ ಆಗುವ ಕೆಲಸವಲ್ಲ. ರಾಜ್ಯದ ಅಡ್ವೊಕೇಟ್ ಜನರಲ್ ಹಾಕಬೇಕು, ಇಲ್ಲವೇ ಆ ಟ್ರಸ್ಟಿನಲ್ಲಿ ಹಿತಾಸಕ್ತಿ ಇರುವ ಕನಿಷ್ಠ ಇಬ್ಬರು ಮೊದಲು ನ್ಯಾಯಾಲಯದ ಅನುಮತಿ ಪಡೆದು ಹಾಕಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 92 ಹೇಳುವುದು ಇದನ್ನೇ. ನಮ್ಮ ಸೀಮೆಯ ಸಂಸ್ಕೃತ ಪಾಠಶಾಲೆಯ ವಿಷಯದಲ್ಲಿ ಆ ಇಬ್ಬರಲ್ಲಿ ಒಬ್ಬ ನಾನು. ಇನ್ನೊಬ್ಬರು ಅಲ್ಲಿ ಬಹುಕಾಲ ವ್ಯಾಕರಣ ಪಾಠ ಹೇಳಿದ ಶಾಸ್ತ್ರಿಗಳ ಮಗಳು, ನಾನು ಚಿಕ್ಕಂದಿನಿಂದ ಅಕ್ಕ ಎಂದೇ ಕರೆಯುವವರು. ಪಾಠಶಾಲೆ ಯಾವುದು, ಮನೆತನ ಯಾವುದು ಎಂದು ಇಲ್ಲಿ ಬರೆಯುವುದಿಲ್ಲ. ದಾವೆ ಮುಗಿದಿದೆ, ಈಗ ಎರಡೂ ಕಡೆಯವರು ಒಂದೇ ಪಂಕ್ತಿಯಲ್ಲಿ ಕೂತು ಉಣ್ಣುತ್ತೇವೆ. ಆದರೆ ಉತ್ತರ ಕನ್ನಡ, ಧಾರವಾಡ, ಬೆಳಗಾವಿ, ವಿಜಯಪುರ ಕಡೆ ಇಂಥ ಹಳೆಯ ಪಾಠಶಾಲೆಗಳು, ವಿದ್ಯಾರ್ಥಿ ನಿಲಯಗಳು ಇನ್ನೂ ಇವೆ. ಅವುಗಳ ಆಡಳಿತ ಹದಗೆಟ್ಟಾಗ ಎಲ್ಲಿಗೆ ಹೋಗಬೇಕು ಎಂಬುದೇ ಬಹಳ ಮಂದಿಗೆ ತಿಳಿಯುವುದಿಲ್ಲ. ನಮಗೂ ಹೇಳುವವರು ಇರಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಪಾಠಶಾಲೆ ಹುಟ್ಟಿದ್ದು 1936ರ ಒಂದು ನೋಂದಾಯಿತ ದಾನಪತ್ರದಿಂದ. ಮಕ್ಕಳಿಲ್ಲದ ಒಬ್ಬ ಗೃಹಸ್ಥರು ಮೂರು ಎಕರೆ ಅಡಿಕೆ ತೋಟ, ಅದಕ್ಕೆ ಹೊಂದಿದ ಸೊಪ್ಪಿನ ಬೆಟ್ಟದ (ತೋಟಕ್ಕೆ ಸೊಪ್ಪು ತರುವ ಕಾಡಿನ) ಹಕ್ಕು, ಒಂದಿಷ್ಟು ಗದ್ದೆ, ರಸ್ತೆ ಬದಿಯ ಒಂದು ಖಾಲಿ ಜಾಗ, ಇಷ್ಟನ್ನು ಬಿಟ್ಟುಕೊಟ್ಟರು. ವೇದ, ಸಂಸ್ಕೃತ ಓದುವ ಮಾಣಿಗಳಿಗೆ, ಅಂದರೆ ಹುಡುಗರಿಗೆ, ಅನ್ನ, ವಸತಿ, ಪಾಠ ತಪ್ಪದೆ ನಡೆಯಬೇಕು ಎಂಬುದು ಅವರ ಆಸೆ. ನೋಡಿಕೊಳ್ಳಲು ಐವರು ಪಂಚರು: ಇಬ್ಬರು ದಾನಿಯ ತಮ್ಮನ ವಂಶದವರು, ಮೂವರು ಸೀಮೆಯವರು ಆರಿಸಿದವರು. ಗದ್ದೆ 1974ರ ಭೂಸುಧಾರಣೆಯಲ್ಲಿ ಗೇಣಿದಾರರಿಗೆ ಹೋಯಿತು. ತಲೆಮಾರುಗಳಿಂದ ಉತ್ತವರಿಗೆ ಸಿಕ್ಕಿತು, ಅದರ ಬಗ್ಗೆ ನನಗೆ ತಕರಾರಿಲ್ಲ. ಉಳಿದ ತೋಟದ ಉತ್ಪನ್ನದಲ್ಲಿ ಪಾಠಶಾಲೆ ನಡೆಯಿತು. ಎರಡು ಅಧ್ಯಾಪಕ ಹುದ್ದೆಗಳಿಗೆ ಸರಕಾರದ ಅನುದಾನ ಬಂತು. ನಾನು ಅಲ್ಲಿ ಸಂಸ್ಕೃತದ ಪ್ರಥಮಾ ತರಗತಿ ಮುಗಿಸಿ ಕಾವ್ಯ ತರಗತಿಯವರೆಗೆ ಓದಿದೆ. ಊಟದ ಮನೆ ಕಟ್ಟುವ ಮೊದಲಿನ ಕಾಲ, ದಿನಕ್ಕೊಂದು ಮನೆಯಲ್ಲಿ ವಾರಾನ್ನ. ಇವತ್ತು ನಾನು ತೋಟ ಮಾಡಿಕೊಂಡು ನೆಮ್ಮದಿಯಿಂದ ಇರುವವನು, ಆದರೆ ಹತ್ತು ವರ್ಷದ ಹುಡುಗನಿಗೆ ಅನ್ನ ಮತ್ತು ಅಕ್ಷರ ಎರಡನ್ನೂ ಕೊಟ್ಟ ಜಾಗ ಅದು.

ಮುಂದೆ ಏನಾಯಿತು ಎನ್ನುವ ಮೊದಲು ಒಂದು ಕಾನೂನಿನ ಕತೆ ಹೇಳಬೇಕು. ಇಡೀ ತಂಟೆಯ ಬೇರು ಅಲ್ಲಿದೆ.

ನಮ್ಮ ಜಿಲ್ಲೆ ಮೊದಲು ಮುಂಬೈ ಪ್ರಾಂತದಲ್ಲಿತ್ತು. ಹಾಗಾಗಿ 1950ರ ಮುಂಬೈ ಸಾರ್ವಜನಿಕ ಟ್ರಸ್ಟ್ ಕಾಯ್ದೆ ನಮಗೆ ಅನ್ವಯವಾಗುತ್ತಿತ್ತು. 1956ರಲ್ಲಿ ರಾಜ್ಯ ಒಂದಾದ ಮೇಲೂ ಹಳೆಯ ಮುಂಬೈ ಭಾಗದ ಜಿಲ್ಲೆಗಳಲ್ಲಿ ಅದೇ ಕಾಯ್ದೆ ಮುಂದುವರಿಯಿತು. ಪ್ರತಿ ಸಂಸ್ಥೆಗೂ ಒಂದು ಪಿ.ಟಿ.ಆರ್. (ಸಾರ್ವಜನಿಕ ಟ್ರಸ್ಟ್ ನೋಂದಣಿ ಪುಸ್ತಕದ) ನಂಬರು. ಟ್ರಸ್ಟಿಯೊಬ್ಬರು ತೀರಿಕೊಂಡರೆ, ಹೊಸಬರು ಬಂದರೆ ಕಲಂ 22ರಂತೆ ಟ್ರಸ್ಟುಗಳ ಮೇಲ್ವಿಚಾರಣೆಯ ಅಧಿಕಾರಿಯಾದ ಚಾರಿಟಿ ಕಮಿಷನರ್ ಕಚೇರಿಗೆ ಚೇಂಜ್ ರಿಪೋರ್ಟ್ ಕೊಡಬೇಕು. ವರ್ಷವರ್ಷ ಲೆಕ್ಕ ಆಡಿಟ್ ಆಗಬೇಕು. ಎಲ್ಲಕ್ಕಿಂತ ಮುಖ್ಯವಾದದ್ದು ಕಲಂ 36: ಟ್ರಸ್ಟಿನ ಜಮೀನು ಮಾರುವುದಿರಲಿ, ಸಾಗುವಳಿ ಜಮೀನನ್ನು ಹತ್ತು ವರ್ಷಕ್ಕೆ ಮಿಕ್ಕಿ, ಕಟ್ಟಡ ಅಥವಾ ಬೇರೆ ಜಾಗವನ್ನು ಮೂರು ವರ್ಷಕ್ಕೆ ಮಿಕ್ಕಿ ಲೀಸ್ ಕೊಡುವುದಕ್ಕೂ ಕಮಿಷನರರ ಮಂಜೂರಾತಿ ಬೇಕು. ಆ ಕಾಯ್ದೆಯಿದ್ದಷ್ಟು ದಿನ ಕಲಂ 92ರ ದಾವೆಗೆ ಜಾಗವೂ ಇರಲಿಲ್ಲ, ಏಕೆಂದರೆ ಅದರ ಕಲಂ 52 ಅದನ್ನು ತಡೆದಿತ್ತು.

ಆಮೇಲೆ ಬಂದದ್ದು 1997ರ ಕರ್ನಾಟಕ ಹಿಂದೂ ಧಾರ್ಮಿಕ ಸಂಸ್ಥೆಗಳು ಮತ್ತು ಧರ್ಮಾದಾಯ ದತ್ತಿಗಳ ಅಧಿನಿಯಮ. 2003ರ ಮೇ 1ರಂದು ಅದು ಜಾರಿಯಾಯಿತು. ಜಾರಿಯಾಗುವಾಗ ಮುಂಬೈ ಕಾಯ್ದೆಯನ್ನು ನಮ್ಮ ಭಾಗದಲ್ಲಿ ರದ್ದು ಮಾಡಿತು. ಹೊಸ ಅಧಿನಿಯಮ ನೋಡಿಕೊಳ್ಳುವುದು ಅಧಿಸೂಚಿತ ದೇವಸ್ಥಾನಗಳನ್ನು, ದತ್ತಿಗಳನ್ನು. ನಮ್ಮ ಪಾಠಶಾಲೆ ಆ ಪಟ್ಟಿಯಲ್ಲಿರಲಿಲ್ಲ. 2006ರಲ್ಲಿ ಹೈಕೋರ್ಟು ಆ ಅಧಿನಿಯಮವನ್ನೇ ಅಸಿಂಧು ಎಂದಿತು, ಸುಪ್ರೀಂ ಕೋರ್ಟು ಆ ತೀರ್ಪಿಗೆ ತಡೆ ಕೊಟ್ಟಿತು. ಇಷ್ಟರ ನಡುವೆ ಪಾಠಶಾಲೆಯಂಥ ಸಂಸ್ಥೆಗಳ ಸುತ್ತ ಇದ್ದ ಬೇಲಿ ಬಿದ್ದುಹೋಗಿತ್ತು. ಹೊಸ ಬೇಲಿ ಯಾರೂ ಕಟ್ಟಲಿಲ್ಲ. ಮಹಾರಾಷ್ಟ್ರದಲ್ಲಿ ಇಂದಿಗೂ ಸಾರ್ವಜನಿಕ ಟ್ರಸ್ಟ್ ಕಾಯ್ದೆ ಇದೆ. ಕರ್ನಾಟಕದಲ್ಲಿ ಎಲ್ಲ ಸಾರ್ವಜನಿಕ ಟ್ರಸ್ಟುಗಳಿಗೂ ಅನ್ವಯಿಸುವ ಅಂಥ ಕಾಯ್ದೆ ಇಲ್ಲ. 1882ರ ಇಂಡಿಯನ್ ಟ್ರಸ್ಟ್ಸ್ ಆ್ಯಕ್ಟ್ ಇದೆಯಲ್ಲ ಎಂದು ಹಲವರು ಕೇಳುತ್ತಾರೆ. ಅದು ಖಾಸಗಿ ಟ್ರಸ್ಟುಗಳಿಗೆ, ಸಾರ್ವಜನಿಕ ಧರ್ಮದತ್ತಿಗಳನ್ನು ಅದರ ಮೊದಲ ಕಲಮೇ ಹೊರಗಿಡುತ್ತದೆ. ಇದನ್ನು ನಾನು ಸಿಟ್ಟಿನಿಂದಲೇ ಬರೆಯುತ್ತಿದ್ದೇನೆ. ಒಂದು ಕಾಯ್ದೆ ತೆಗೆಯುವಾಗ ಅದರ ನೆರಳಲ್ಲಿದ್ದ ಸಂಸ್ಥೆಗಳು ನಾಳೆ ಯಾರ ಬಾಗಿಲಿಗೆ ಹೋಗಬೇಕು ಎಂದು ಶಾಸನ ಮಾಡುವವರು ಯೋಚಿಸಬೇಕಿತ್ತು.

ನಮ್ಮಲ್ಲಿ ಸೀಮೆಯ ಮೂವರು ಪಂಚರು ಒಬ್ಬೊಬ್ಬರಾಗಿ ತೀರಿಕೊಂಡರು. ಅವರ ಜಾಗ ತುಂಬಲಿಲ್ಲ. ಮನೆತನದ ಇಬ್ಬರಲ್ಲಿ ಒಬ್ಬರು ಬೆಂಗಳೂರು ಸೇರಿದರು. ಉಳಿದವರು ಒಬ್ಬರೇ, ವಯಸ್ಸಾದ ಹೆಗಡೇರು. ಅವರನ್ನು ಕಳ್ಳ ಎಂದು ನಾನು ಎಂದೂ ಅಂದಿಲ್ಲ. ಕೊಳೆರೋಗ ಬಂದು ಫಸಲು ನೆಲಕಚ್ಚಿದ ವರ್ಷಗಳಲ್ಲಿ ಅವರು ಕೈಯಿಂದ ಹಾಕಿ ಅಡುಗೆಯವರಿಗೆ ಸಂಬಳ ಕೊಟ್ಟದ್ದು ನನಗೆ ಗೊತ್ತು. ಆದರೆ ಬರಬರುತ್ತ ಪಾಠಶಾಲೆಯ ತೋಟ ಮನೆಯ ತೋಟದ ಲೆಕ್ಕದಲ್ಲಿ ಸೇರಿಹೋಯಿತು. ಫಸಲು ಗುತ್ತಿಗೆ ಹತ್ತಿರದ ನೆಂಟರಿಗೆ, ಅವರು ಹೇಳಿದ ದರಕ್ಕೆ. ರಿಪೇರಿಯ ಹೆಸರಿನಲ್ಲಿ ಊಟದ ಮನೆ ಮುಚ್ಚಿತು, ಹೊರಗಿನ ಮಕ್ಕಳು ಬರುವುದು ನಿಂತಿತು. ಕೊನೆಗೆ ರಸ್ತೆ ಬದಿಯ ಜಾಗವನ್ನು ಒಂದು ಖಾಸಗಿ ಶಿಕ್ಷಣ ಸಂಸ್ಥೆಗೆ ಮೂವತ್ತು ವರ್ಷದ ಲೀಸಿಗೆ ಬರೆದುಕೊಟ್ಟರು. ಹಳೆಯ ಕಾಯ್ದೆಯಿದ್ದಿದ್ದರೆ ಮಂಜೂರಾತಿಯಿಲ್ಲದೆ ಆ ಲೀಸ್ ನಿಲ್ಲುತ್ತಲೇ ಇರಲಿಲ್ಲ.

ಮೊದಲು ಮಾತಾಡಿದೆವು. ಸೀಮೆಯ ಹಿರಿಯರು ಎರಡೂ ಕಡೆಯವರನ್ನು ದೇವಸ್ಥಾನದ ಚಂದ್ರಶಾಲೆಯಲ್ಲಿ ಕೂರಿಸಿದರು. ಹೆಗಡೇರು ಒಂದೇ ಮಾತು ಹಿಡಿದರು: "ನಮ್ಮ ಅಜ್ಜನ ಆಸ್ತಿ, ನಮ್ಮ ಮನೆ ಧರ್ಮ. ಲೆಕ್ಕ ಕೇಳೂಲೆ ನೀವ್ಯಾರು?" ಸಭೆ ಮುಗಿದ ಮೇಲೆ ಹಿರಿಯರೊಬ್ಬರು ನನ್ನನ್ನು ಬದಿಗೆ ಕರೆದು, "ತಮಾ, ಗೆದ್ದವ ಸೋತ, ಸೋತವ ಸತ್ತ ಹೇಳಿ ಗಾದೆ ಇದ್ದು. ಕೋರ್ಟು ಬ್ಯಾಡ" ಎಂದರು. ಪ್ರೀತಿಯಿಂದಲೇ ಹೇಳಿದ್ದರು. ಆದರೆ "ನೀವ್ಯಾರು" ಎಂಬ ಪ್ರಶ್ನೆಗೆ ಆ ಸಭೆಯಲ್ಲಿ ಉತ್ತರ ಇರಲಿಲ್ಲ, ಕಾನೂನಿನಲ್ಲಿ ಇತ್ತು.

ವಕೀಲರ ಹತ್ತಿರ ಹೋದಾಗ ನಾವು ಎಲ್ಲ ದೂರುಗಳನ್ನೂ ಬರೆದುಕೊಂಡು ಹೋಗಿದ್ದೆವು. ಅವರು ಕೆಂಪು ಪೆನ್ನು ಹಿಡಿದು ಕೂತರು. ಅಕ್ಕನ ತಂದೆ ನಿವೃತ್ತರಾದಾಗ ಆಡಳಿತದಿಂದ ಬರಬೇಕಿದ್ದ ಹಣ ಬಂದಿರಲಿಲ್ಲ, ಕಾಯಿಲೆಯಲ್ಲಿ ಕೇಳಿದಾಗಲೂ ಕೊಟ್ಟಿರಲಿಲ್ಲ. ಅಕ್ಕನ ಮನಸ್ಸಿನಲ್ಲಿ ಅದೇ ದೊಡ್ಡ ಗಾಯ. ವಕೀಲರು ಆ ಸಾಲನ್ನೇ ಮೊದಲು ಹೊಡೆದರು. ಅಕ್ಕನ ಮುಖ ಬಾಡಿತು. ಆಗ ಅವರು ವಿವರಿಸಿದರು: ಕಲಂ 92ರ ದಾವೆ ಸಾರ್ವಜನಿಕರ ಹಕ್ಕನ್ನು ಎತ್ತಿಹಿಡಿಯಲು ಇರುವುದು, ಸ್ವಂತ ಹಕ್ಕು ಸಾಧಿಸಲು ಅಲ್ಲ. ವಾದಪತ್ರವನ್ನು ಒಟ್ಟಾಗಿ ಓದಿದಾಗ ಅದು ಖಾಸಗಿ ಜಗಳ ಎಂದು ಕಂಡರೆ ದಾವೆ ಅಲ್ಲಿಗೇ ಬೀಳುತ್ತದೆ. ಸ್ವಾಮಿ ಪರಮಾತ್ಮಾನಂದ ಸರಸ್ವತಿ ಪ್ರಕರಣದಲ್ಲಿ 1974ರಲ್ಲಿ ಸುಪ್ರೀಂ ಕೋರ್ಟು ಹೀಗೆಂದಿತ್ತು. 2008ರ ವಿದ್ಯೋದಯ ಟ್ರಸ್ಟ್ ಪ್ರಕರಣವಂತೂ ಕೇರಳದ ಒಂದು ಶಾಲೆಯ ಟ್ರಸ್ಟಿನದೇ. ಟ್ರಸ್ಟಿಗಳು ತಮ್ಮ ತಮ್ಮೊಳಗಿನ ಹಕ್ಕಿಗಾಗಿ ತಂದ ದಾವೆ ಕಲಂ 92ರಲ್ಲಿ ನಿಲ್ಲದು ಎಂದು ಅಲ್ಲಿ ತೀರ್ಮಾನವಾಗಿದೆ. "ತಂಗೀ, ನಿಮ್ಮ ಅಪ್ಪನ ಹಣಕ್ಕೆ ಬೇರೆ ದಾರಿ ಇದೆ. ಇದರಲ್ಲಿ ಅದು ಬಂದರೆ ಪಾಠಶಾಲೆ ಸೋಲುತ್ತದೆ" ಎಂದರು. ಅಕ್ಕ ಸ್ವಲ್ಪ ಹೊತ್ತು ಸುಮ್ಮನಿದ್ದು, "ಹೊಡೀರಿ" ಎಂದರು. ಆ ಒಂದು ಮಾತಿನಿಂದ ನಮ್ಮ ದಾವೆ ಗಟ್ಟಿಯಾಯಿತು ಎಂದು ನಾನು ಈಗಲೂ ನಂಬಿದ್ದೇನೆ.

ಕಾಗದ ಕೂಡಿಸುವುದೇ ದೊಡ್ಡ ಕೆಲಸ. ಸಬ್‌ರಜಿಸ್ಟ್ರಾರ್ ಕಚೇರಿಯಿಂದ ದಾನಪತ್ರದ ಮತ್ತು ಲೀಸಿನ ದೃಢೀಕೃತ ನಕಲು, ತಹಶೀಲ್ದಾರ ಕಚೇರಿಯಿಂದ ಪಹಣಿ, ಹಳೆಯ ಡೈರಿ ಉತಾರಗಳು (ಖಾತೆ ಬದಲಾವಣೆಯ ದಾಖಲೆಗಳ ನಕಲು), ಇಲಾಖೆಯಿಂದ ಮಾಹಿತಿ ಹಕ್ಕಿನಲ್ಲಿ ಅನುದಾನದ ವಿವರ. ಬೆಳಗಾವಿಯಲ್ಲಿದ್ದ ಹಳೆಯ ದಾಖಲೆಯಿಂದ ಪಿ.ಟಿ.ಆರ್. ಉತಾರದ ನಕಲು ಸಿಕ್ಕಿತು. ಅದರಲ್ಲಿ ಟ್ರಸ್ಟಿನ ಹೆಸರು, ಉದ್ದೇಶ, ಸ್ವತ್ತು, ಟ್ರಸ್ಟಿಗಳು ಹೇಗೆ ಬರಬೇಕು ಎಂಬ ಕ್ರಮ, ಎಲ್ಲ ಇತ್ತು. ಇದನ್ನು ಓದುವವರಲ್ಲಿ ಯಾರಾದರೂ ಹಳೆಯ ಮುಂಬೈ ಭಾಗದ ಸಂಸ್ಥೆಯವರಿದ್ದರೆ, ಬೇರೆಲ್ಲಕ್ಕಿಂತ ಮೊದಲು ಈ ಒಂದು ಕಾಗದ ತೆಗೆಸಿಟ್ಟುಕೊಳ್ಳಿ. ಅದರ ಎದುರು "ಇದು ನಮ್ಮ ಮನೆಯ ಖಾಸಗಿ ಧರ್ಮ" ಎಂಬ ಮಾತು ನಿಲ್ಲುವುದು ಕಷ್ಟ. ಅಡಿಕೆ ವಿಕ್ರಿಯ ಲೆಕ್ಕವನ್ನು ಸೊಸೈಟಿಯವರು ನಮಗೆ ಕೊಡಲು ಬರುವುದಿಲ್ಲ ಎಂದರು. ಬೇರೆಯವರ ಖಾತೆ, ಅವರು ಹಾಗೆ ಹೇಳಿದ್ದು ಸರಿಯೇ. ಅದನ್ನು ಮುಂದೆ ಕೋರ್ಟಿನ ಸಮನ್ಸ್ ಮೂಲಕ ತರಿಸಿದೆವು.

ಅನುಮತಿಯ ಅರ್ಜಿ ಜಿಲ್ಲಾ ನ್ಯಾಯಾಲಯದಲ್ಲಿ. ಅನುಮತಿ ಕೊಡುವ ಮೊದಲು ಎದುರು ಪಕ್ಷಕ್ಕೆ ನೋಟೀಸು ಕೊಡಲೇಬೇಕೆಂದಿಲ್ಲ, ಕೊಟ್ಟರೆ ಒಳ್ಳೆಯದು ಎಂದು ನಾರಾಯಣ ಚೆಟ್ಟಿಯಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ತೀರ್ಪಿದೆ. ನಮ್ಮಲ್ಲಿ ನೋಟೀಸು ಹೋಯಿತು, ಎದುರು ಪಕ್ಷದ ಕೈಫಿಯತ್ತು, ಅಂದರೆ ಲಿಖಿತ ಉತ್ತರ, ಬಂತು. ಇದು ಖಾಸಗಿ ಟ್ರಸ್ಟ್, ವಾದಿಗಳು ಹೊರಗಿನವರು, ಹಳೆಯ ಲೆಕ್ಕ ಕೇಳಲು ಕಾಲ ಮೀರಿದೆ ಎಂಬುದು ಅದರ ಸಾರ. ಕೊನೆಯಲ್ಲಿ ಒಂದು ದೊಡ್ಡ ಮಾತಿತ್ತು: ಇದು ಧಾರ್ಮಿಕ ಶಿಕ್ಷಣದ ಸಂಸ್ಥೆ, ಸಂವಿಧಾನದ 26ನೇ ವಿಧಿಯಂತೆ ನಡೆಸುವ ಸ್ವಾತಂತ್ರ್ಯ ನಮ್ಮದು, ಕೋರ್ಟು ಕೈ ಹಾಕುವಂತಿಲ್ಲ.

ಈ ಕೊನೆಯ ಮಾತು ನನ್ನನ್ನು ಬಹಳ ಓದಿಸಿತು. ಚರ್ಚಿನ ಶಾಲೆಯೊಂದರಲ್ಲಿ ಮಾಸ್ತರಾಗಿರುವ ಗೆಳೆಯನೊಬ್ಬ, "ನಮಗಾದರೆ 30ನೇ ವಿಧಿ ಇದೆ" ಎಂದ. ಅಲ್ಪಸಂಖ್ಯಾತರು ತಮ್ಮ ಆಯ್ಕೆಯ ಶಿಕ್ಷಣ ಸಂಸ್ಥೆ ಸ್ಥಾಪಿಸಿ ಆಡಳಿತ ನಡೆಸುವ ಹಕ್ಕು ಅದು. ಆ ಹಕ್ಕಿನ ವಿಸ್ತಾರ ಎಷ್ಟು ಎಂದು ಹನ್ನೊಂದು ನ್ಯಾಯಮೂರ್ತಿಗಳ ಪೀಠ 2002ರಲ್ಲಿ ತೀರ್ಪು ಕೊಟ್ಟ ಟಿ.ಎಂ.ಎ. ಪೈ ಪ್ರಕರಣದ ಎದುರುದಾರ ನಮ್ಮ ರಾಜ್ಯ ಸರಕಾರವೇ. ರಾಮಕೃಷ್ಣ ಮಿಷನ್ ತನಗೂ ಆ ರಕ್ಷಣೆ ಬೇಕೆಂದು ಕೇಳಿದಾಗ 1995ರಲ್ಲಿ ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಹಾಗಾಗಿ ನಮ್ಮ ಪಾಠಶಾಲೆಗೆ 30ನೇ ವಿಧಿ ಬರುವುದಿಲ್ಲ. ಆದರೆ ಬಂದರೂ ಫಲ ಒಂದೇ ಆಗುತ್ತಿತ್ತು. ಆಡಳಿತ ಮಾಡುವ ಹಕ್ಕಿನಲ್ಲಿ ದುರಾಡಳಿತ ಮಾಡುವ ಹಕ್ಕು ಸೇರಿಲ್ಲ ಎಂದು ಕೇರಳ ಶಿಕ್ಷಣ ವಿಧೇಯಕದ ಸಂದರ್ಭದಲ್ಲಿ 1958ರಲ್ಲೇ ಹೇಳಿಯಾಗಿದೆ. ಚರ್ಚಿನ ಶಾಲೆಗಾಗಲಿ, ಮದರಸಕ್ಕಾಗಲಿ, ಪಾಠಶಾಲೆಗಾಗಲಿ ಈ ಮಾತು ಸಮಾನ. ಅನ್ನ ನಿಂತಿದೆ, ಲೆಕ್ಕ ಇಲ್ಲ, ಪಂಚರ ಸ್ಥಾನ ಖಾಲಿ: ಇದರಲ್ಲಿ ಯಾವುದು ಧರ್ಮ? ನಮ್ಮ ವಕೀಲರು ನ್ಯಾಯಾಲಯದಲ್ಲಿ ಇದನ್ನೇ ಮೆಲ್ಲಗೆ ಕೇಳಿದರು.

ಅನುಮತಿ ಸಿಕ್ಕಿತು. ಅದರ ಮೇಲೆ ಅವರು ಧಾರವಾಡ ಹೈಕೋರ್ಟ್ ಪೀಠಕ್ಕೆ ಹೋದರು, ಅಲ್ಲಿ ಅರ್ಜಿ ವಜಾ ಆಯಿತು. ಕಾಲವೇನೋ ಹಿಡಿಯಿತು. ಆದರೂ ಧಾರವಾಡದಲ್ಲಿ ಪೀಠ ಇರದಿದ್ದರೆ ಇಷ್ಟಕ್ಕೂ ಬೆಂಗಳೂರಿಗೆ ಓಡಬೇಕಿತ್ತು. ಮಲೆನಾಡಿನಿಂದ ಹೋಗಿಬರುವವರಿಗೆ ಅದು ಸಣ್ಣ ಉಪಕಾರವಲ್ಲ.

ನಾನು ಹೆಚ್ಚು ಹೇಳಬೇಕೆಂದಿರುವುದು ಮಧ್ಯಂತರ ಆದೇಶದ ಬಗ್ಗೆ. ದಾವೆ ಎಂದರೆ ಎಲ್ಲರೂ ಕೊನೆಯ ತೀರ್ಪನ್ನೇ ಕಾಯುತ್ತಾರೆ. ಅಷ್ಟರಲ್ಲಿ ಸಂಸ್ಥೆ ಸತ್ತಿರುತ್ತದೆ. ನಮ್ಮ ವಕೀಲರು ಮೊದಲ ದಿನವೇ ಎರಡು ಅರ್ಜಿ ಹಾಕಿದ್ದರು. ಒಂದು, ದಾವೆ ಮುಗಿಯುವ ತನಕ ಯಾವ ಸ್ವತ್ತನ್ನೂ ಮಾರಬಾರದು, ಲೀಸ್ ಕೊಡಬಾರದು ಎಂಬ ತಡೆಯಾಜ್ಞೆಗೆ. ಇನ್ನೊಂದು, ತೋಟದ ಫಸಲನ್ನು ಕೋರ್ಟ್ ಕಮಿಷನರರ ಎದುರು ಬಹಿರಂಗ ಹರಾಜಿನಲ್ಲಿ ಗುತ್ತಿಗೆ ಕೊಟ್ಟು, ಬಂದ ಹಣವನ್ನು ಪಾಠಶಾಲೆಯ ಖಾತೆಗೆ ಜಮಾ ಮಾಡಿ, ಅದರಿಂದ ಊಟದ ಮನೆ ನಡೆಸಬೇಕು ಎಂಬುದಕ್ಕೆ. ಎರಡನೆಯದಕ್ಕೆ ವಿರೋಧ ಜೋರಿತ್ತು. ವಿಚಾರಣೆ ಮಾಡಿದ ನ್ಯಾಯಾಧೀಶರು ಎದುರು ಪಕ್ಷಕ್ಕೆ ಒಂದೇ ಪ್ರಶ್ನೆ ಕೇಳಿದರು: ಟ್ರಸ್ಟು ಖಾಸಗಿ ಎಂದೇ ಇಟ್ಟುಕೊಳ್ಳೋಣ, ಹರಾಜಿನಿಂದ ಹೆಚ್ಚು ಹಣ ಬಂದರೆ ನಿಮಗೇನು ನಷ್ಟ?

ಹರಾಜಿನ ದಿನ ತೋಟದ ಕಣದಲ್ಲಿ ಆಸುಪಾಸಿನ ಫಸಲು ಗುತ್ತಿಗೆದಾರರೆಲ್ಲ ಸೇರಿದ್ದರು. ಒಬ್ಬೊಬ್ಬರೂ ತೋಟದ ಬಣ್ಣ ಬಣ್ಣ (ಪಟ್ಟಿ ಪಟ್ಟಿ) ತಿರುಗಿ ಅಡಿಕೆ ಕೊನೆ ನೋಡಿ ಬಂದು ದರ ಕೂಗಿದರು. ಹಿಂದಿನ ಗುತ್ತಿಗೆಯ ದುಪ್ಪಟ್ಟಿಗೂ ಮಿಕ್ಕಿ ನಿಂತಿತು. ಹೆಗಡೇರು ಅಲ್ಲೇ ಕಟ್ಟೆಯ ಮೇಲೆ ಕೂತಿದ್ದರು. ಅವರು ಏನೂ ಹೇಳಲಿಲ್ಲ, ಆದರೆ ಆ ದಿನದ ನಂತರ ಅವರ ಹಟದ ಮೊನೆ ಮುರಿದಿತ್ತು. ಆ ವರ್ಷವೇ ಊಟದ ಮನೆಯ ಒಲೆ ಹೊತ್ತಿತು. ಹೊರ ಊರಿನ ಮಕ್ಕಳು ಮತ್ತೆ ಬಂದರು. ದಾವೆ ಇನ್ನೂ ಶುರುವಿನಲ್ಲಿತ್ತು, ದಾನಿಯ ಉದ್ದೇಶ ಮಾತ್ರ ನೆರವೇರತೊಡಗಿತ್ತು. ಇಂಥ ದಾವೆ ಹಾಕುವವರು ವಕೀಲರನ್ನು ಮೊದಲು ಕೇಳಬೇಕಾದದ್ದು "ಎಷ್ಟು ವರ್ಷ ಆದೀತು" ಎಂದಲ್ಲ, "ಅಲ್ಲಿಯವರೆಗೆ ಸಂಸ್ಥೆ ಹೇಗೆ ನಡೆಯಬೇಕು" ಎಂದು.

ಸಾಕ್ಷಿಯ ಹಂತ ಬಂದಾಗ ವಿವಾದಾಂಶ ಒಂದಕ್ಕೇ ಎಲ್ಲರ ಗಮನ: ಇದು ಸಾರ್ವಜನಿಕ ಟ್ರಸ್ಟೋ ಅಲ್ಲವೋ. ಫಲಾನುಭವಿಗಳು ಗೊತ್ತಾದ ಇಂತಿಷ್ಟೇ ವ್ಯಕ್ತಿಗಳಾದರೆ ಖಾಸಗಿ, ಸಾರ್ವಜನಿಕರು ಅಥವಾ ಅವರ ಒಂದು ವರ್ಗವಾದರೆ ಸಾರ್ವಜನಿಕ ಎಂದು ದೇವಕಿನಂದನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1956ರಲ್ಲೇ ಗೆರೆ ಎಳೆದಿದೆ. ನಾನು ಕಟಕಟೆಯಲ್ಲಿ ನಿಂತಾಗ ಪಾಟೀಸವಾಲಿನಲ್ಲಿ ಎದುರು ವಕೀಲರು ಕೇಳಿದರು: "ನೀವು ಅಲ್ಲಿ ಓದಿದ್ದಕ್ಕೆ ಪರೀಕ್ಷೆಯ ಕಾಗದ ಇರಬಹುದು. ಪಾಠಶಾಲೆ ನಿಮಗೆ ಅನ್ನ ಹಾಕಿತು ಎನ್ನುವುದಕ್ಕೆ ಏನು ದಾಖಲೆ?" ನನ್ನ ಬಳಿ ಏನಿರಲು ಸಾಧ್ಯ? ಊಟಕ್ಕೆ ಯಾರಾದರೂ ರಶೀದಿ ಕೊಡುತ್ತಾರೆಯೇ?

ದಾಖಲೆ ಅಕ್ಕನ ಮನೆಯ ಮರದ ಪೆಟ್ಟಿಗೆಯಲ್ಲಿತ್ತು. ಶಾಸ್ತ್ರಿಗಳು ಪ್ರತಿ ವರ್ಷ ಒಂದು ನೋಟುಬುಕ್ಕಿನಲ್ಲಿ ಮಕ್ಕಳ ಹೆಸರು, ಊರು, ಯಾವ ವಾರ ಯಾರ ಮನೆಯಲ್ಲಿ ಊಟ, ಯಾರಿಗೆ ಜ್ವರ, ಯಾರಿಗೆ ಹೊಸ ಪಂಚೆ ಎಂದು ಬರೆದಿಟ್ಟಿದ್ದರು. ಊಟದ ಮನೆ ಆದ ಮೇಲೆ ಅಕ್ಕಿ, ಬೇಳೆ, ಬೆಲ್ಲದ ಲೆಕ್ಕವೂ ಅದರಲ್ಲೇ. ದೇಣಿಗೆ ಕೊಟ್ಟ ಮನೆಗಳ ಪಟ್ಟಿಯಲ್ಲಿ ಕುಮಟಾ, ಸಾಗರ, ಹೊನ್ನಾವರದ ಹೆಸರುಗಳೂ ಇದ್ದವು. ಮೂವತ್ತು ವರ್ಷ ಮೀರಿದ ದಾಖಲೆ, ಇರಬೇಕಾದವರ ವಶದಿಂದಲೇ ಬಂದಿದ್ದರೆ, ಬರೆದವರು ಬದುಕಿಲ್ಲದಿದ್ದರೂ ಅದು ಅವರದೇ ಕೈಬರಹ ಎಂದು ನ್ಯಾಯಾಲಯ ಭಾವಿಸಬಹುದು. ಆಗಿನ ಸಾಕ್ಷ್ಯ ಅಧಿನಿಯಮದ ಕಲಂ 90 ಅದಕ್ಕೆ ಅವಕಾಶ ಕೊಟ್ಟಿತ್ತು. ನೋಟುಬುಕ್ಕುಗಳಿಗೆ ನಿಶಾನೆ ಬಿತ್ತು, ಅಂದರೆ ಅವು ಸಾಕ್ಷ್ಯವಾಗಿ ದಾಖಲಾದವು. ನನ್ನ ಹೆಸರಿದ್ದ ಪುಟವನ್ನು ನ್ಯಾಯಾಧೀಶರು ಗಟ್ಟಿಯಾಗಿ ಓದಿದಾಗ ಶಾಸ್ತ್ರಿಗಳ ದುಂಡು ಅಕ್ಷರ ನೆನಪಾಗಿ ನನಗೆ ಗಂಟಲು ಕಟ್ಟಿತು. ತಂದೆಗೆ ಬರಬೇಕಿದ್ದ ಹಣದ ಮಾತನ್ನು ಬಿಟ್ಟುಕೊಟ್ಟ ಮಗಳು, ತಂದೆಯ ಕೈಬರಹದಿಂದಲೇ ಪಾಠಶಾಲೆಯನ್ನು ಉಳಿಸಿದರು.

ಹಳೆಯ ಲೆಕ್ಕಕ್ಕೆ ಕಾಲ ಮೀರಿದೆ ಎಂಬ ವಾದ ಹೆಚ್ಚು ಹೊತ್ತು ನಿಲ್ಲಲಿಲ್ಲ. ಟ್ರಸ್ಟಿನ ಸ್ವತ್ತು ಕೈಯಲ್ಲಿಟ್ಟುಕೊಂಡ ಟ್ರಸ್ಟಿಯ ಮೇಲಿನ ದಾವೆಗೆ ಕಾಲದ ಮಿತಿಯಿಲ್ಲ ಎಂದು ಕಾಲಮಿತಿ ಅಧಿನಿಯಮದ ಕಲಂ 10 ಹೇಳುತ್ತದೆ.

ಹೆಗಡೇರ ಸಾಕ್ಷಿಯ ಬಗ್ಗೆ ಬರೆಯದೆ ಇದ್ದರೆ ಅನ್ಯಾಯವಾದೀತು. ನಮ್ಮ ವಕೀಲರು "ದಾನಪತ್ರ ಓದಿದ್ದೀರಾ?" ಎಂದು ಕೇಳಿದರು. ಅವರ ವಕೀಲರು ತಲೆಯೆತ್ತಿ ನೋಡುತ್ತಿದ್ದರು. ಹೆಗಡೇರು ತಡಮಾಡದೆ, "ಓದಿದ್ದೇನೆ. ಮಾಣಿಗಳಿಗೆ ಅನ್ನ ಹಾಕಬೇಕು ಅಂತ ಇದೆ. ಕೆಲವು ವರ್ಷ ಹಾಕಲಿಲ್ಲ" ಎಂದರು. ಪ್ರಮಾಣ ಮಾಡಿ ನಿಂತ ಜಾಗದಲ್ಲಿ ಅವರು ಸುಳ್ಳು ಹೇಳಲಿಲ್ಲ. ಒಪ್ಪಂದದ ಬಾಗಿಲು ತೆರೆದದ್ದು ಆ ಉತ್ತರ.

ಅಷ್ಟರಲ್ಲಿ 2020ರ ಕೊರೊನಾ. ಕೋರ್ಟು ಮುಚ್ಚಿತು, ತಾರೀಖುಗಳು ಮುಂದೆ ಮುಂದೆ ಹೋದವು. ಮತ್ತೆ ಶುರುವಾದಾಗ ನ್ಯಾಯಾಧೀಶರು ಸಿವಿಲ್ ಸಂಹಿತೆಯ ಕಲಂ 89ರಂತೆ ಮಧ್ಯಸ್ಥಿಕೆಗೆ ಕಳಿಸಿದರು. ಹೆಗಡೇರ ಮಗ ಬೆಂಗಳೂರಿನಿಂದ ಬಂದಿದ್ದ. ಅವನು ಹೇಳಿದ್ದು ಇಷ್ಟೇ: "ಅಪ್ಪನ ಹೆಸರಿಗೆ ಮಸಿ ಹತ್ತದಂತೆ ಮುಗಿಸಿ. ಉಳಿದದ್ದಕ್ಕೆ ನಾವು ತಯಾರು." ಟ್ರಸ್ಟಿಯನ್ನು ತೆಗೆದುಹಾಕಬೇಕು ಎಂಬ ಕೋರಿಕೆಯನ್ನು ನಾವು ಬಿಟ್ಟೆವು, ಅವರೇ ವಯಸ್ಸಿನ ಕಾರಣ ನಿವೃತ್ತರಾದರು. ನಾವು ಬಿಡದೆ ಹಿಡಿದದ್ದು ಕಲಂ 92 ಕೊಡುವ ಇನ್ನೊಂದು ಪರಿಹಾರ, ಸ್ಕೀಮ್. ಅಂದರೆ ಮುಂದೆ ಸಂಸ್ಥೆ ಹೇಗೆ ನಡೆಯಬೇಕೆಂದು ನ್ಯಾಯಾಲಯ ರೂಪಿಸುವ ನಿಯಮಾವಳಿ. ಒಬ್ಬರನ್ನು ತೆಗೆದು ಇನ್ನೊಬ್ಬರನ್ನು ಕೂರಿಸಿದರೆ ಇಪ್ಪತ್ತು ವರ್ಷಕ್ಕೆ ಮತ್ತೆ ಇದೇ ಕತೆ.

ಇಬ್ಬರೂ ಒಪ್ಪಿದ ಮಾತ್ರಕ್ಕೆ ಇಂಥ ದಾವೆ ಮುಗಿಯುವುದಿಲ್ಲ. ಇದು ಪ್ರಾತಿನಿಧಿಕ ದಾವೆ, ಇದರಲ್ಲಿ ನಾವು ಇಡೀ ಸೀಮೆಯ ಪರವಾಗಿ ನಿಂತವರು. ಹಾಗಾಗಿ ಅದೇ ಸಂಹಿತೆಯ ಆದೇಶ 23ರ ನಿಯಮ 3-ಬಿಯಂತೆ ನ್ಯಾಯಾಲಯದ ಅನುಮತಿಯಿಲ್ಲದೆ ರಾಜಿ ಮಾಡಿಕೊಂಡರೆ ಅದು ಶೂನ್ಯ, ಅನುಮತಿಗೆ ಮೊದಲು ಹಿತಾಸಕ್ತರಿಗೆ ನೋಟೀಸು ಹೋಗಬೇಕು. ಪತ್ರಿಕೆಯಲ್ಲಿ ಪ್ರಕಟಣೆ ಕೊಟ್ಟೆವು. ಇದನ್ನು ಬರಿಯ ವಿಧಿ ಎಂದುಕೊಂಡವರೂ ಇದ್ದರು. ಆದರೆ ಒಬ್ಬ ತಂದೆ ಆಕ್ಷೇಪ ಹಿಡಿದು ಬಂದರು. ಪಕ್ಕದ ಊರಿನ ನಾಮಧಾರಿ ಸಮಾಜದವರು (ಬ್ರಾಹ್ಮಣೇತರರು), ಮಗಳಿಗೆ ಸಂಸ್ಕೃತ ಓದುವ ಆಸೆ. 1936ರ ದಾನಪತ್ರದಲ್ಲಿ "ಬ್ರಾಹ್ಮಣ ಮಾಣಿಗಳು" ಎಂದಿತ್ತು. ಸ್ಕೀಮಿನ ಕರಡಿನಲ್ಲಿ ಆ ಮಾತು ಹಾಗೇ ಉಳಿದಿತ್ತು. "ಸರಕಾರದ ಸಂಬಳದಲ್ಲಿ ಪಾಠ ನಡೆಯುವ ಜಾಗಕ್ಕೆ ನನ್ನ ಮಗಳು ಯಾಕೆ ಬರಬಾರದು?" ಎಂದು ಅವರು ಕೇಳಿದ್ದರು.

ಸಂವಿಧಾನದ 29ನೇ ವಿಧಿಯ ಎರಡನೇ ಖಂಡ ಇದಕ್ಕೆ ನೇರ ಉತ್ತರ: ರಾಜ್ಯದ ನಿಧಿಯಿಂದ ನೆರವು ಪಡೆಯುವ ಶಿಕ್ಷಣ ಸಂಸ್ಥೆ ಧರ್ಮ, ಜಾತಿ, ಭಾಷೆಗಳ ಕಾರಣವೊಂದರಿಂದಲೇ ಯಾವ ನಾಗರಿಕರಿಗೂ ಪ್ರವೇಶ ನಿರಾಕರಿಸುವಂತಿಲ್ಲ. ನಮ್ಮ ಕಡೆಯ ಕೆಲವರು ದಾನಿಯ ಮಾತು ಮೀರಬಾರದು ಎಂದರು. ನನ್ನ ಅಭಿಪ್ರಾಯ ಬೇರೆ. ದಾನಿ ಕೊಟ್ಟದ್ದು ವಿದ್ಯೆಗೆ. ಆ ಮಾತನ್ನು ಅವರು ಬರೆದಾಗ ನಮಗೆ ಸಂವಿಧಾನ ಇರಲಿಲ್ಲ, ಈಗ ಇದೆ. ನ್ಯಾಯಾಲಯ ಆ ಸಾಲನ್ನು "ಸಂಸ್ಕೃತ ಓದಲು ಬಯಸುವ ವಿದ್ಯಾರ್ಥಿಗಳು" ಎಂದು ತಿದ್ದಿಸಿ ಅನುಮತಿ ಕೊಟ್ಟಿತು. ನಮ್ಮ ದಾವೆಯಿಂದ ಆದ ಅತ್ಯಂತ ಒಳ್ಳೆಯ ಕೆಲಸ ಇದು, ಅದನ್ನು ಮಾಡಿಸಿದ್ದು ದಾವೆಯಲ್ಲಿ ಇಲ್ಲದ ಒಬ್ಬ ತಂದೆ. ಆ ಹುಡುಗಿ ಈಗ ಕಾವ್ಯ ತರಗತಿಯಲ್ಲಿದ್ದಾಳೆ.

ಸ್ಕೀಮಿನ ಉಳಿದ ಅಂಶಗಳು ಸರಳ. ಏಳು ಟ್ರಸ್ಟಿಗಳು: ದಾನಿಯ ಮನೆತನದವರು ಒಬ್ಬರು ಯಾವಾಗಲೂ ಇರಬೇಕು, ಮುಖ್ಯ ಅಧ್ಯಾಪಕರು, ಹಳೆಯ ವಿದ್ಯಾರ್ಥಿಗಳಿಂದ ಇಬ್ಬರು, ಸೀಮೆಯ ಸಭೆಯಿಂದ ಮೂವರು. ಐದು ವರ್ಷದ ಅವಧಿ. ಬ್ಯಾಂಕಿನಲ್ಲಿ ಜಂಟಿ ಸಹಿ. ಫಸಲು ಗುತ್ತಿಗೆ ಬಹಿರಂಗ ಹರಾಜಿನಲ್ಲಿ ಮಾತ್ರ. ಆಡಿಟ್ ಆದ ಲೆಕ್ಕದ ಪ್ರತಿ ಪ್ರತಿ ವರ್ಷ ಜಿಲ್ಲಾ ನ್ಯಾಯಾಲಯಕ್ಕೆ. ಮೂರು ವರ್ಷ ಮೀರಿದ ಯಾವ ಲೀಸಿಗೂ ನ್ಯಾಯಾಲಯದ ಅನುಮತಿ. ಕಳೆದುಹೋದ ಕಲಂ 36ನ್ನು ನಮ್ಮ ಮಟ್ಟಿಗೆ ಹೀಗೆ ಮರಳಿ ತಂದುಕೊಂಡೆವು. ಮುಂದೆ ಸ್ಕೀಮು ತಿದ್ದಬೇಕಾದರೆ ಹೊಸ ದಾವೆ ಬೇಡ, ಅದೇ ನ್ಯಾಯಾಲಯಕ್ಕೆ ಅರ್ಜಿ ಕೊಟ್ಟರೆ ಸಾಕು ಎಂಬ ಕಲಮನ್ನೂ ಸೇರಿಸಿದೆವು. ಅಂಥ ಕಲಂ ಸಿಂಧು ಎಂದು 1961ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಸ್ಕೀಮು ಬರೆಸುವವರು ಇದನ್ನು ಮರೆಯದೆ ಹಾಕಿಸಿಕೊಳ್ಳಬೇಕು.

ಲೀಸ್ ಪಡೆದ ಶಿಕ್ಷಣ ಸಂಸ್ಥೆಯನ್ನೂ ದಾವೆಗೆ ಸೇರಿಸಿದ್ದೆವು. ಅಲ್ಲಿ ಮಕ್ಕಳು ಓದುತ್ತಿದ್ದರು, ಅವರನ್ನು ನಡುವರ್ಷದಲ್ಲಿ ಬೀದಿಗೆ ಹಾಕುವುದು ಯಾರಿಗೂ ಬೇಕಿರಲಿಲ್ಲ. ಬಾಡಿಗೆ ಏರಿತು, ಪೂರ್ತಿ ಪಾಠಶಾಲೆಯ ಖಾತೆಗೆ ಬರುತ್ತಿದೆ, 2027ರ ಮೇ ತಿಂಗಳಿಗೆ ಅವರು ಜಾಗ ಬಿಟ್ಟುಕೊಡಬೇಕು. ಅವರು ಕಟ್ಟಿದ ಕೋಣೆಗಳಲ್ಲಿ ಹೆಣ್ಣುಮಕ್ಕಳ ವಸತಿ ಮಾಡಬೇಕೆಂದು ಟ್ರಸ್ಟಿನ ಸಭೆಯಲ್ಲಿ ತೀರ್ಮಾನವಾಗಿದೆ. ದಾನಪತ್ರದಲ್ಲಿ ಮಾಣಿಗಳ ವಸತಿಯ ಮಾತು ಮಾತ್ರ ಇರುವುದರಿಂದ ಸ್ಕೀಮಿಗೆ ಒಂದು ತಿದ್ದುಪಡಿ ಬೇಕು. ಅರ್ಜಿಯ ಕರಡನ್ನು ಹೆಗಡೇರ ಮಗನೇ ಬರೆಸಿದ್ದಾನೆ, ಮೊದಲ ಸಹಿಯೂ ಅವನದೇ. ಬೇಸಿಗೆ ರಜೆಗೆ ಮೊದಲು ಅದನ್ನು ದಾಖಲಿಸಬೇಕು.